ಎದುರು ಕಿಟಕಿಯವರು ನಮಗೆ ಎಷ್ಟು ಗೊತ್ತು?

ನಮ್ಮ ಬಾಲ್ಕನಿಯಿಂದ ನೋಡಿದ್ರೆ ಎದುರು ಅಪಾರ್ಟ್‌ಮೆಂಟಿನ ಹಿಂಭಾಗ ಕಾಣುತ್ತೆ. ಐದು ಮಹಡಿ, ಮಹಡಿಗೆ ನಾಲ್ಕು ಅಡುಗೆಮನೆ, ಒಟ್ಟು ಇಪ್ಪತ್ತು ಕಿಟಕಿ. ಮಧ್ಯೆ ಒಂದು ಕಾಂಪೌಂಡ್ ಗೋಡೆ, ಎರಡೂ ಕಡೆಯ ಪೈಪುಗಳು, ಒಣಗೋಕೆ ಹಾಕಿರೋ ಬಟ್ಟೆಗಳು. ದೂರ ಹೆಚ್ಚೆಂದ್ರೆ ಮೂವತ್ತು ಅಡಿ. ಫಸ್ಟ್ ಇಯರ್ ಮುಗಿದ ಮೇಲೆ ಹಾಸ್ಟೆಲ್ ಬಿಟ್ಟು ನಾವು ಮೂರು ಜನ ಇಲ್ಲಿಗೆ ಬಂದು ಒಂಬತ್ತು ತಿಂಗಳಾಯ್ತು. ಇಷ್ಟರಲ್ಲಿ ಆ ಮನೆಗಳ ಟೈಮ್ ಟೇಬಲ್ ನಮಗೆ ನಮ್ಮ ಕ್ಲಾಸ್ ಟೈಮ್ ಟೇಬಲ್‌ಗಿಂತ ಚೆನ್ನಾಗಿ ಬಾಯಿಪಾಠ ಆಗಿದೆ.

ಮೂರನೇ ಮಹಡಿಯಲ್ಲಿ ಗಂಡ-ಹೆಂಡತಿ. ಭಾನುವಾರ ಮಾತ್ರ ಗಂಡನ ಅಡುಗೆ. ಕುಕ್ಕರ್ ಎಷ್ಟು ಸಲ ಕೂಗಿದ್ರೂ ಅವರಿಗೆ ಲೆಕ್ಕ ಸಿಗಲ್ಲ, ಕೊನೆಗೆ ಹೆಂಡತಿ ಒಳಗಿಂದ ಬಂದು ಸ್ಟೌವ್ ಆರಿಸ್ತಾರೆ. ಅದರ ಪಕ್ಕದ ಮನೆಯಲ್ಲಿ ಒಬ್ಬ, ಇಪ್ಪತ್ತೈದು ವಯಸ್ಸಿರಬಹುದು, ರಾತ್ರಿ ಹನ್ನೊಂದಕ್ಕೆ ಬಂದು, ಫೋನನ್ನ ನೀರಿನ ಬಾಟಲಿಗೆ ಒರಗಿಸಿ ಇಟ್ಕೊಂಡು, ನಿಂತೇ ಪಾರ್ಸೆಲ್ ತಿಂತಾನೆ. ಅವನಿಗೆ ನಾವು 'ಪಾರ್ಸೆಲ್ ಅಣ್ಣ' ಅಂತ ಹೆಸರಿಟ್ಟಿದ್ದೀವಿ. ನಮಗೆ ನೇರ ಎದುರಿಗೆ, ನಾಲ್ಕನೇ ಮಹಡಿಯಲ್ಲಿ, ಒಬ್ಬರೇ ಇರುವ ಅಜ್ಜಿ. ಬೆಳಿಗ್ಗೆ ಐದೂವರೆಗೆ ಲೈಟು, ಕಾಫಿ ಫಿಲ್ಟರು, ಆಮೇಲೆ ಕಿಟಕಿ ಗ್ರಿಲ್ ಒಳಗಿರೋ ತುಳಸಿಗೆ ನೀರು. ರಾತ್ರಿ ಎಂಟೂವರೆಗೆ ಊಟ, ಒಂಬತ್ತೂವರೆಗೆ ಲೈಟ್ ಆಫ್. (ನಾವು ಐದೂವರೆಗೆ ಎದ್ದು ನೋಡಿದ್ದಲ್ಲ. ಎಕ್ಸಾಮ್ ಟೈಮಲ್ಲಿ ಐದೂವರೆ ಅಂದ್ರೆ ನಾವು ಮಲಗೋ ಹೊತ್ತು.)

ಒಂದು ದಿನ ಆ ಲೈಟ್ ಟೈಮಿಗೆ ಆಫ್ ಆಗಲಿಲ್ಲ. ಈ ಲೇಖನ ಶುರುವಾಗಿದ್ದು ಅಲ್ಲಿಂದ. ಅದನ್ನ ಹೇಳೋಕೆ ಮುಂಚೆ ಸ್ವಲ್ಪ ಫಿಸಿಕ್ಸ್ ಬೇಕು, ಬೇಜಾರು ಮಾಡ್ಕೋಬೇಡಿ.

ಅಷ್ಟು ಹತ್ತಿರ ಇದ್ರೂ ನಾವು ಅವರನ್ನ ನೋಡೋದು ಅವರಿಗೆ ಯಾಕೆ ಗೊತ್ತಾಗಲ್ಲ? ಗಾಜಿನ ಮೇಲೆ ನೇರವಾಗಿ ಬಿದ್ದ ಬೆಳಕಿನಲ್ಲಿ ಪ್ರತಿ ಮೇಲ್ಮೈಯಿಂದ ಸುಮಾರು 4 ಪರ್ಸೆಂಟ್ ವಾಪಸ್ ಬರುತ್ತೆ. ವಕ್ರೀಭವನ ಸೂಚ್ಯಂಕ 1.5 ಅಂತ ಇಟ್ಕೊಂಡು ಲೆಕ್ಕ ಹಾಕಿ: 0.5 ಭಾಗಿಸು 2.5, ಅದರ ವರ್ಗ 0.04. ಕಿಟಕಿ ಗಾಜಿಗೆ ಎರಡು ಮೇಲ್ಮೈ, ಅಂದ್ರೆ ಸುಮಾರು 8 ಪರ್ಸೆಂಟ್. ಈಗ ರಾತ್ರಿ ಒಂಬತ್ತು ಗಂಟೆ ಅಂದ್ಕೊಳ್ಳಿ. ಎದುರು ಅಡುಗೆಮನೆಯಲ್ಲಿ ಟ್ಯೂಬ್‌ಲೈಟ್ ಉರೀತಿದೆ, ಅಲ್ಲಿಯ ಬೆಳಕು 100. ನಮ್ಮ ಬಾಲ್ಕನಿ ಕತ್ತಲು, ಇಲ್ಲಿ 1. ಅಜ್ಜಿ ಕಿಟಕಿ ಕಡೆ ತಿರುಗಿದ್ರೆ ಗಾಜಿನಿಂದ ಅವರ ಕಣ್ಣಿಗೆ ವಾಪಸ್ ಬರೋದು ಅವರದೇ ಅಡುಗೆಮನೆಯ 8, ನಮ್ಮ ಕಡೆಯಿಂದ ಹೋಗೋದು 1ಕ್ಕಿಂತ ಕಮ್ಮಿ. ಅವರಿಗೆ ಕಾಣೋದು ಅವರದೇ ಮುಖ. ನಮಗೆ ಬರೋದು ಅಲ್ಲಿಯ 92 ಭಾಗ, ನಮ್ಮ ಕತ್ತಲೆಯ ಪ್ರತಿಬಿಂಬ ಲೆಕ್ಕಕ್ಕೇ ಇಲ್ಲ. ಸಿನಿಮಾದ ಪೊಲೀಸ್ ಸ್ಟೇಷನ್ನಲ್ಲಿ ತೋರಿಸೋ ಒನ್-ವೇ ಕನ್ನಡಿ ಕೆಲಸ ಮಾಡೋದೂ ಹೀಗೇ. ಅದರ ಗಾಜಿಗೆ ತೆಳ್ಳಗೆ ಲೋಹ ಬಳಿದು ಪ್ರತಿಫಲನ ಜಾಸ್ತಿ ಮಾಡಿರ್ತಾರೆ, ಒಂದು ಕಡೆ ರೂಮನ್ನ ಕತ್ತಲೆ ಇಟ್ಟಿರ್ತಾರೆ, ಅಷ್ಟೆ.

ಹಗಲು ಹೊತ್ತಲ್ಲಿ ಇದು ಉಲ್ಟಾ. ಹೊರಗೆ ಸಾವಿರಾರು ಲಕ್ಸ್, ಒಳಗೆ ಒಂದೆರಡು ನೂರು. ಒಳಗಿದ್ದವರಿಗೆ ಹೊರಗಿನದೆಲ್ಲ ಕಾಣುತ್ತೆ, ಹೊರಗಿಂದ ನೋಡಿದ್ರೆ ಕಿಟಕಿ ಬರೀ ಕಪ್ಪು ಚೌಕ. ಅಂದ್ರೆ ಹಗಲಾಗಲಿ ರಾತ್ರಿಯಾಗಲಿ, ಎದುರು-ಬದುರು ಅಪಾರ್ಟ್‌ಮೆಂಟಲ್ಲಿ ಇಬ್ಬರೂ ಒಟ್ಟಿಗೆ ಒಬ್ಬರನ್ನೊಬ್ಬರು ನೋಡೋದು ಅಪರೂಪ. ಯಾವಾಗ್ಲೂ ಒಬ್ಬರು ನೋಡೋವ್ರು, ಇನ್ನೊಬ್ಬರು ಕಾಣೋವ್ರು.

ಹಿಚ್‌ಕಾಕ್ 1954ರಲ್ಲಿ ಮಾಡಿದ 'ರಿಯರ್ ವಿಂಡೋ' ಸಿನಿಮಾ ಪೂರ್ತಿ ನಿಂತಿರೋದು ಇದರ ಮೇಲೆ. ಕಾಲು ಮುರಿದುಕೊಂಡ ಫೋಟೋಗ್ರಾಫರ್ ಒಬ್ಬ ವೀಲ್‌ಚೇರಲ್ಲಿ ಕೂತು ನ್ಯೂಯಾರ್ಕಿನ ತನ್ನ ಹಿಂಬದಿ ಕಿಟಕಿಯಿಂದ ಎದುರು ಮನೆಗಳನ್ನ ನೋಡ್ತಾ ಇರ್ತಾನೆ. ಆ ಅಂಗಳ, ಆ ಮನೆಗಳು ಎಲ್ಲವನ್ನೂ ಸ್ಟುಡಿಯೋ ಒಳಗೇ ಕಟ್ಟಿದ್ರು. ಎಲ್ಲರೂ ಅದರ ಕೊಲೆ ಕಥೆ ಬಗ್ಗೆ ಮಾತಾಡ್ತಾರೆ. ನಮಗೆ ಮನಸ್ಸಲ್ಲಿ ಉಳಿದಿದ್ದು ಬೇರೆ ಸೀನು. ಎದುರು ಮನೆಯಲ್ಲಿ ಒಂಟಿ ಹೆಂಗಸೊಬ್ಬಳು ಇಬ್ಬರಿಗೆ ಟೇಬಲ್ ಸಿದ್ಧ ಮಾಡಿ, ಬಾಗಿಲು ತೆಗೆದು, ಇಲ್ಲದ ಅತಿಥಿಯನ್ನ ಒಳಗೆ ಕರೆದು, ಕುರ್ಚಿಯಲ್ಲಿ ಕೂರಿಸಿದ ಹಾಗೆ ಮಾಡಿ, ಗ್ಲಾಸ್ ಎತ್ತುತ್ತಾಳೆ. ಇಲ್ಲಿ ಕತ್ತಲೆಯಲ್ಲಿ ಕೂತ ಇವನೂ ತನ್ನ ಗ್ಲಾಸ್ ಎತ್ತುತ್ತಾನೆ. ಅವಳಿಗೆ ಅದು ಗೊತ್ತಾಗೋದಿಲ್ಲ. ನಾವು ಪಾರ್ಸೆಲ್ ಅಣ್ಣನ ಜೊತೆ ಹನ್ನೊಂದು ಗಂಟೆಗೆ ಊಟ ಮಾಡೋದೂ ಹೆಚ್ಚುಕಮ್ಮಿ ಹಾಗೇ. ಅವನು ತಿಂತಾನೆ, ನಾವೂ ತಿಂತೀವಿ, ನಮಗೆ ಜೊತೆ ಇದ್ದಂಗೆ ಇರುತ್ತೆ. ಅವನು ಮಾತ್ರ ಒಬ್ಬನೇ ತಿಂತಿದಾನೆ.

ಹೀಗೆ ಮುಖ ಗೊತ್ತಿದ್ದು ಮಾತಿಲ್ಲದೆ ಇರೋರಿಗೆ ಒಂದು ಹೆಸರಿದೆ. ಅಮೆರಿಕದ ಮನಃಶಾಸ್ತ್ರಜ್ಞ ಸ್ಟಾನ್ಲಿ ಮಿಲ್‌ಗ್ರಾಮ್ 1972ರಲ್ಲಿ ಇವರನ್ನ 'ಫೆಮಿಲಿಯರ್ ಸ್ಟ್ರೇಂಜರ್' ಅಂದ. ಕರೆಂಟ್ ಶಾಕ್ ಪ್ರಯೋಗದ ಮಿಲ್‌ಗ್ರಾಮೇ ಇವನು. ಕನ್ನಡದಲ್ಲಿ 'ಪರಿಚಿತ ಅಪರಿಚಿತ' ಅನ್ನಬಹುದೇನೋ, ಸ್ವಲ್ಪ ಸಿನಿಮಾ ಟೈಟಲ್ ಥರ ಕೇಳಿಸುತ್ತೆ. ಅವನ ವಿದ್ಯಾರ್ಥಿಗಳು ಬೆಳಿಗ್ಗೆ ರೈಲ್ವೆ ಪ್ಲಾಟ್‌ಫಾರ್ಮಲ್ಲಿ ಟ್ರೈನಿಗೆ ಕಾಯ್ತಾ ನಿಂತವರ ಫೋಟೋ ತೆಗೆದ್ರು. ಆಮೇಲೆ ಅದೇ ಜನಕ್ಕೆ ಆ ಫೋಟೋ ಹಂಚಿ, ಇದರಲ್ಲಿ ಯಾರ್‍ಯಾರು ಗೊತ್ತು ಅಂತ ಕೇಳಿದ್ರು. ಸರಾಸರಿ ಒಬ್ಬೊಬ್ಬರಿಗೆ ಸುಮಾರು ನಾಲ್ಕು ಮುಖ ಗೊತ್ತು, ಆದ್ರೆ ಮಾತಿಲ್ಲ. ಮಾತಾಡಿರೋರು ಒಬ್ಬರೋ ಇಬ್ಬರೋ.

ಮಿಲ್‌ಗ್ರಾಮ್ ಹೇಳಿದ್ದರಲ್ಲಿ ಎರಡು ವಿಷಯ ನಮ್ಮ ಮೆಟ್ರೋದಲ್ಲೂ ನಿಜ. ಮಾತಾಡದೆ ಎಷ್ಟು ದಿನ ಕಳೆಯುತ್ತೋ ಮಾತು ಶುರು ಮಾಡೋದು ಅಷ್ಟು ಕಷ್ಟ ಆಗುತ್ತೆ. ಮೊದಲನೇ ದಿನ "ಹಾಯ್" ಅನ್ನಬಹುದು. ಒಂಬತ್ತು ತಿಂಗಳು ನೋಡಿದ ಮೇಲೆ "ಹಾಯ್" ಅಂದ್ರೆ ಇಷ್ಟು ದಿನ ಯಾಕೆ ಅನ್ನಲಿಲ್ಲ ಅನ್ನೋದಕ್ಕೂ ಉತ್ತರ ಕೊಡಬೇಕಾಗುತ್ತೆ. ಇನ್ನೊಂದು, ಅದೇ ಮುಖ ಬೇರೆ ಊರಲ್ಲಿ ಕಂಡ್ರೆ ತಟ್ ಅಂತ ಮಾತು ಬರುತ್ತೆ. ಪಾರ್ಸೆಲ್ ಅಣ್ಣ ನಮಗೆ ಹಂಪಿಯಲ್ಲಿ ಸಿಕ್ಕಿದ್ರೆ ಅರ್ಧ ಗಂಟೆಯಲ್ಲಿ ಫ್ರೆಂಡ್ ಆಗಿರ್ತಿದ್ದ.

ಹಾಗಾದ್ರೆ ಅಪಾರ್ಟ್‌ಮೆಂಟಲ್ಲಿ ಸ್ನೇಹ ಆಗೋದೇ ಇಲ್ವಾ? ಆಗುತ್ತೆ, ಅದಕ್ಕೂ ಲೆಕ್ಕ ಇದೆ, ಲೆಕ್ಕ ಹಾಕಿದ್ದು ಇಂಜಿನಿಯರಿಂಗ್ ಕ್ಯಾಂಪಸ್ಸಲ್ಲೇ. ಎರಡನೇ ಮಹಾಯುದ್ಧ ಮುಗಿದ ಮೇಲೆ ಎಂಐಟಿಯಲ್ಲಿ ಮದುವೆಯಾದ ವಿದ್ಯಾರ್ಥಿಗಳಿಗೆ ಮನೆ ಕೊಟ್ಟಿದ್ರು. ಯಾರಿಗೆ ಯಾವ ಮನೆ ಅಂತ ಅವರು ಆರಿಸಿಕೊಳ್ಳುವ ಹಾಗಿರಲಿಲ್ಲ. ಫೆಸ್ಟಿಂಗರ್, ಶಾಕ್ಟರ್, ಬ್ಯಾಕ್ ಎಂಬ ಮೂವರು ಅಲ್ಲಿ ಯಾರಿಗೆ ಯಾರು ಸ್ನೇಹಿತರು ಅಂತ ವಿಚಾರಿಸಿ 1950ರಲ್ಲಿ ಪುಸ್ತಕ ಬರೆದ್ರು. ಪಕ್ಕದ ಮನೆಯವರು ಆಪ್ತರಾಗುವ ಸಾಧ್ಯತೆ 41 ಪರ್ಸೆಂಟ್, ಒಂದು ಮನೆ ಬಿಟ್ಟು ಆಚೆಗೆ 22, ಅದೇ ಮಹಡಿಯ ಇನ್ನೊಂದು ತುದಿಯವರು 10. ಇಲ್ಲಿ ಮುಖ್ಯ ಆಗಿದ್ದು ಬರೀ ಅಡಿ-ಇಂಚಿನ ದೂರ ಅಲ್ಲ, ದಾರಿ. ಮೆಟ್ಟಿಲ ಹತ್ತಿರದ ಮನೆಯವರಿಗೆ ಮೇಲಿನ ಮಹಡಿಯಲ್ಲೂ ಸ್ನೇಹಿತರಿದ್ರು, ಯಾಕಂದ್ರೆ ಮೇಲಿನವರು ದಿನಾ ಅವರ ಬಾಗಿಲ ಮುಂದೇನೇ ಹತ್ತಿ ಇಳೀತಿದ್ರು.

ಈ ಲೆಕ್ಕಕ್ಕೆ ನಮ್ಮ ಬಿಲ್ಡಿಂಗನ್ನ ಹಾಕಿ ನೋಡಿ. ಅಜ್ಜಿಗೂ ನಮಗೂ ಗಾಳಿಯಲ್ಲಿ ಮೂವತ್ತು ಅಡಿ. ದಾರಿಯಲ್ಲಿ ಹೋದ್ರೆ ಲಿಫ್ಟ್ ಇಳಿದು, ನಮ್ಮ ಗೇಟ್ ದಾಟಿ, ಕ್ರಾಸ್ ಪೂರ್ತಿ ನಡೆದು, ಬೇಕರಿ ಹತ್ತಿರ ತಿರುಗಿ, ಹಿಂದಿನ ಕ್ರಾಸಿಗೆ ಬಂದು, ಅವರ ಗೇಟಲ್ಲಿ ನಿಂತು, ರಿಜಿಸ್ಟರಲ್ಲಿ ಬರೆದು, ಒಳಗಿಂದ ಒಪ್ಪಿಗೆ ಬಂದ್ರೆ ಇನ್ನೊಂದು ಲಿಫ್ಟ್. ಒಂಬತ್ತು ತಿಂಗಳಲ್ಲಿ ನಮ್ಮ ದಾರಿ ಅವರ ದಾರಿ ಒಂದು ಸಲವೂ ಕೂಡಿಲ್ಲ. ನಮ್ಮದೇ ಬಿಲ್ಡಿಂಗಲ್ಲೂ ಅಷ್ಟೆ. ಕಾರಿನವರು ಬೇಸ್‌ಮೆಂಟಿಂದ ಲಿಫ್ಟ್ ಹತ್ತಿ ನೇರ ಮನೆಗೆ. ಹಾಲು, ತರಕಾರಿ, ಊಟ ಎಲ್ಲಾ ಬಾಗಿಲಿಗೇ ಬರುತ್ತೆ. ಲಿಫ್ಟ್ ಒಳಗೆ ಸಿಕ್ಕವರು ಒಂದು ಸಲ ಮುಖ ನೋಡಿ ಆಮೇಲೆ ಮಹಡಿ ನಂಬರ್ ಬದಲಾಗೋದನ್ನ ಪರೀಕ್ಷೆಗೆ ಬರುತ್ತೆ ಅನ್ನೋ ಹಾಗೆ ನೋಡ್ತಾರೆ. ಇದಕ್ಕೆ ಅರ್ವಿಂಗ್ ಗಾಫ್‌ಮನ್ ಎಂಬ ಸಮಾಜಶಾಸ್ತ್ರಜ್ಞ 1963ರಲ್ಲೇ ಒಂದು ಹೆಸರು ಕೊಟ್ಟಿದ್ದಾನೆ, 'ಸಿವಿಲ್ ಇನ್ಅಟೆನ್ಷನ್'. ಅಂದ್ರೆ, ನೀವಿದ್ದೀರಿ ಅಂತ ನೋಡಿದೆ, ಇನ್ನು ನಿಮ್ಮ ತಂಟೆಗೆ ಬರಲ್ಲ ಅನ್ನೋ ಮರ್ಯಾದೆ. ಸಾವಿರಾರು ಮುಖದ ಮಧ್ಯೆ ದಿನಾ ಓಡಾಡೋ ಊರಲ್ಲಿ ಇದು ಬೇಕೇ ಬೇಕು. ಮೆಜೆಸ್ಟಿಕ್ಕಲ್ಲಿ ಎಲ್ಲರನ್ನೂ ಮಾತಾಡಿಸಿದ್ರೆ ಬಸ್ ಸಿಗಲ್ಲ.

ಹಳೇ ಬೆಂಗಳೂರಿನ ವಠಾರದವರು ಇದನ್ನ ಕೇಳಿದ್ರೆ ನಗಬಹುದು. ಒಂದು ಅಂಗಳ, ಒಂದು ನಲ್ಲಿ, ಸುತ್ತ ಸಾಲು ಮನೆ. ನಮ್ಮಲ್ಲೊಬ್ಬನ ಅಮ್ಮ ಚಾಮರಾಜಪೇಟೆಯ ಒಂದು ವಠಾರದಲ್ಲಿ ಬೆಳೆದವರು. ಅಲ್ಲಿ ಯಾರ ಮನೆ ಸಾರಿಗೆ ಉಪ್ಪು ಜಾಸ್ತಿ ಆಯ್ತು ಅನ್ನೋದೂ ಎಲ್ಲರಿಗೂ ಗೊತ್ತಾಗ್ತಿತ್ತಂತೆ. ಅವರಿಗೆ ಅದರ ಮೇಲೆ ಅಂಥ ಪ್ರೀತಿಯೇನೂ ಇಲ್ಲ. "ಹುಡುಗೀರು ಹತ್ತು ನಿಮಿಷ ಲೇಟಾಗಿ ಬಂದ್ರೆ ಎಂಟು ಮನೆಗೆ ಉತ್ತರ ಹೇಳಬೇಕಿತ್ತು" ಅಂತಾರೆ. ಹಾಗಾಗಿ ಆ ಕಾಲ ಚೆನ್ನಾಗಿತ್ತು ಅಂತ ನಾವು ಹೇಳೋಕೆ ಹೋಗಲ್ಲ. ಒಂದು ವ್ಯತ್ಯಾಸ ಮಾತ್ರ ಇದೆ. ಊರಲ್ಲಿ ಅರಳಿಕಟ್ಟೆ ಮೇಲೆ ಕೂತ ತಾತ ಬರೋರನ್ನೆಲ್ಲ ನೋಡ್ತಾನೆ, ಆದ್ರೆ ಬರೋರೂ ಅವನನ್ನ ನೋಡ್ತಾರೆ. ಎರಡೂ ಕಡೆ ಒಂದೇ ಬಿಸಿಲು. "ಏನು ತಾತ, ಕಾಫಿ ಆಯ್ತಾ" ಅನ್ನೋ ಮಾತು ಅಲ್ಲಿಂದ ಬರುತ್ತೆ.

ಇಷ್ಟೆಲ್ಲ ನೋಡ್ತಾ ಕೂತಿದ್ವಲ್ಲ, ನಮಗೇನು ಒಂಟಿತನವಾ ಅಂತ ನೀವು ಕೇಳಬಹುದು. ಮೂರು ಜನ ಒಟ್ಟಿಗಿದ್ದೀವಿ, ಕ್ಲಾಸಲ್ಲಿ ಅರವತ್ತು ಜನ, ವಾಟ್ಸ್ಆ್ಯಪ್ ಗ್ರೂಪು ಹನ್ನೆರಡು. ಆದ್ರೆ ಒಂಟಿಯಾಗಿರೋದು ಬೇರೆ, ಒಂಟಿತನ ಬೇರೆ. ನಮಗೆ ಬೇಕಾದಷ್ಟು ಒಡನಾಟಕ್ಕೂ ಸಿಗ್ತಿರೋ ಒಡನಾಟಕ್ಕೂ ಮಧ್ಯೆ ಇರೋ ಅಂತರವನ್ನ ಒಂಟಿತನ ಅಂತಾರೆ. ಷಿಕಾಗೊದಲ್ಲಿದ್ದ ಜಾನ್ ಕಾಸಿಯೊಪ್ಪೊ ಇದನ್ನ ಹಸಿವಿಗೆ ಹೋಲಿಸ್ತಿದ್ದ. ಹಸಿವು ಊಟ ಹುಡುಕು ಅನ್ನುತ್ತೆ, ಇದು ಜನರನ್ನ ಹುಡುಕು ಅನ್ನುತ್ತೆ. ತೊಂದರೆ ಏನಂದ್ರೆ ಅದೇ ಹೊತ್ತಲ್ಲಿ ಇದು ನಮ್ಮನ್ನ ಹುಷಾರು ಮಾಡುತ್ತೆ, ಹೋಗಿ ಮಾತಾಡಿದ್ರೆ ಅವರೇನು ಅಂದ್ಕೋತಾರೋ ಅನ್ನೋ ಭಯ ಜಾಸ್ತಿ ಮಾಡುತ್ತೆ. ಆಗ ಕಿಟಕಿಯಲ್ಲಿ ನಿಂತು ನೋಡೋದು ಸುಲಭ. ಮುಖ ಕಾಣುತ್ತೆ, ಬೇಡ ಅನ್ನೋರು ಯಾರೂ ಇಲ್ಲ. ಇನ್‌ಸ್ಟಾದಲ್ಲಿ ಸ್ಕೂಲ್ ಫ್ರೆಂಡ್ಸ್ ಸ್ಟೋರಿ ನೋಡಿ ಮುಂದೆ ಹೋಗೋದೂ ಅದೇ ಕಿಟಕಿ. ವಿಶ್ವ ಆರೋಗ್ಯ ಸಂಸ್ಥೆ 2025ರಲ್ಲಿ ಕೊಟ್ಟ ವರದಿ ಪ್ರಕಾರ ಜಗತ್ತಿನಲ್ಲಿ ಆರು ಜನರಲ್ಲಿ ಒಬ್ಬರಿಗೆ ಒಂಟಿತನ ಇದೆ, 13ರಿಂದ 29 ವಯಸ್ಸಿನವರಲ್ಲಿ 17ರಿಂದ 21 ಪರ್ಸೆಂಟ್. ಇದು ಬರೀ ವಯಸ್ಸಾದವರ ಸಮಸ್ಯೆ ಅಂತ ನಾವು ಅಂದ್ಕೊಂಡಿದ್ವಿ.

ಒಂದು ಮಾತನ್ನ ಸ್ಪಷ್ಟವಾಗಿ ಹೇಳಿಬಿಡಬೇಕು, ಓದೋರಲ್ಲಿ ಕೆಲವರಿಗಾದ್ರೂ ಈ ಹೊತ್ತಿಗೆ ಇರುಸುಮುರುಸು ಆಗಿರುತ್ತೆ. ಬಾಲ್ಕನಿಯಲ್ಲಿ ನಿಂತಾಗ ಕಣ್ಣಿಗೆ ಬೀಳೋದು ಒಂದು, ಬೇಕು ಅಂತ ಇಣುಕೋದು ಇನ್ನೊಂದು. ಹೆಣ್ಣುಮಗಳೊಬ್ಬಳು ಯಾರೂ ನೋಡಲ್ಲ ಅಂತ ನಂಬಿ ಖಾಸಗಿಯಾಗಿ ಇರುವಾಗ ನೋಡೋದು, ಫೋಟೋ-ವಿಡಿಯೋ ತೆಗೆಯೋದು, ಹಂಚೋದು ಭಾರತೀಯ ನ್ಯಾಯ ಸಂಹಿತೆಯ 77ನೇ ಸೆಕ್ಷನ್ ಪ್ರಕಾರ ಅಪರಾಧ. ಮೊದಲ ಸಲಕ್ಕೇ ಒಂದರಿಂದ ಮೂರು ವರ್ಷ ಜೈಲು. ಫೋನ್ ಕ್ಯಾಮೆರಾ ಜೂಮ್ ಮಾಡಿ 'ತಮಾಷೆಗೆ' ಅನ್ನೋರು ನಮ್ಮ ಬ್ಯಾಚಲ್ಲೂ ಇದ್ದಾರೆ, ಅದು ತಮಾಷೆ ಅಲ್ಲ. ನಾವು ಕೂಡ ಮೊದಲ ತಿಂಗಳಲ್ಲೇ ಒಂದು ಕಿಟಕಿ ಕಡೆ ನೋಡಬಾರದು ಅಂತ ಮಾತಾಡ್ಕೊಂಡು, ಚೇರನ್ನ ತಿರುಗಿಸಿ ಹಾಕ್ಕೊಂಡ್ವಿ.

ಈಗ ಅಜ್ಜಿ ವಿಷಯ. ಫೆಬ್ರವರಿಯಲ್ಲಿ ಇಂಟರ್ನಲ್ಸ್ ನಡೀತಿತ್ತು. ಮಂಗಳವಾರ ರಾತ್ರಿ ಎರಡು ಗಂಟೆಗೆ ಮ್ಯಾಗಿ ಮಾಡ್ಕೊಂಡು ಬಾಲ್ಕನಿಗೆ ಬಂದ್ವಿ. ಎದುರಿಗೆ ಬೇರೆ ಎಲ್ಲಾ ಕತ್ತಲು, ಅಜ್ಜಿ ಅಡುಗೆಮನೆ ಲೈಟ್ ಮಾತ್ರ ಉರೀತಿತ್ತು. ಅಡುಗೆಮನೆಯಲ್ಲಿ ಯಾರೂ ಕಾಣಲಿಲ್ಲ. "ಅಜ್ಜಿಗೂ ಇಂಟರ್ನಲ್ಸ್ ಇದೆ ಅನ್ಸತ್ತೆ" ಅಂತ ಒಬ್ಬ ಅಂದ. ನಕ್ಕು ಒಳಗೆ ಹೋದ್ವಿ. ಮರುದಿನದಿಂದ ಆ ಕಿಟಕಿ ಕತ್ತಲು. ಬುಧವಾರ, ಗುರುವಾರ, ಶುಕ್ರವಾರ. ತುಳಸಿ ಬಾಡಿತು. ಮಗನ ಮನೆಗೆ ಹೋಗಿರಬಹುದು ಅಂದ ಒಬ್ಬ. ಮಗ ಇದ್ದಾನೋ ಇಲ್ವೋ ನಮಗೇನು ಗೊತ್ತು.

ಶನಿವಾರ ಅವರ ಗೇಟಿಗೆ ಹೋದ್ವಿ. ಸೆಕ್ಯೂರಿಟಿ ಅಣ್ಣ ರಾಯಚೂರು ಕಡೆಯವರು. "ಯಾವ ಫ್ಲ್ಯಾಟ್ ರೀ?" ಗೊತ್ತಿಲ್ಲ. "ಹೆಸರೇನ್ರೀ ಅವರ್ದು?" ಅದೂ ಗೊತ್ತಿಲ್ಲ. ಕಾಫಿ ಎಷ್ಟು ಗಂಟೆಗೆ ಕುಡೀತಾರೆ ಅಂತ ಗೊತ್ತು, ಅದನ್ನ ಹೇಳಿದ್ರೆ ನಮ್ಮನ್ನ ಸ್ಟೇಷನ್ನಿಗೆ ಕಳಿಸ್ತಿದ್ರು. ನಾಲ್ಕನೇ ಮಹಡಿ, ಹಿಂದಿನಿಂದ ನೋಡಿದ್ರೆ ಎಡದಿಂದ ಎರಡನೇದು ಅಂದ್ವಿ. ಹಿಂದಿನಿಂದ ಎಡ ಅಂದ್ರೆ ಮುಂದಿನಿಂದ ಬಲ. ಇಂಜಿನಿಯರಿಂಗ್ ಗ್ರಾಫಿಕ್ಸ್ ಜೀವನದಲ್ಲಿ ಉಪಯೋಗಕ್ಕೆ ಬಂದಿದ್ದು ಅದೊಂದೇ ಸಲ. ಅಣ್ಣ ಲೆಕ್ಕ ಹಾಕಿ, "ಓ, ಆ ಅಮ್ಮಾರಾ?" ಅಂದ್ರು. "ಬಾತ್‌ರೂಮಿನಾಗ ಬಿದ್ದಿದ್ರು ರೀ. ಬೆಳಿಗ್ಗೆ ಕೆಲಸದಾಕಿ ಬಂದಾಗ ಗೊತ್ತಾತು. ರಾತ್ರಿ ಊಟದ ಹೊತ್ತಿನ್ಯಾಗೇ ಬಿದ್ದಿದ್ರಂತ. ಸೊಂಟದ ಎಲುಬು ಮುರದೈತಿ."

ನಾವು ಮ್ಯಾಗಿ ತಿನ್ನೋವಾಗ ಅವರು ನೆಲದ ಮೇಲೆ ಬಿದ್ದು ಐದು ಗಂಟೆ ಆಗಿತ್ತು. ಇನ್ನೂ ಐದಾರು ಗಂಟೆ ಹಾಗೇ ಇದ್ರು. ಲೈಟ್ ಆಫ್ ಆಗದೇ ಇದ್ದಿದ್ದನ್ನ ನೋಡಿದವರು ಬಹುಶಃ ನಾವು ಮೂವರೇ.

ಯಾಕೆ ಆವತ್ತೇ ಹೋಗಲಿಲ್ಲ ಅಂತ ಆಮೇಲೆ ಓದ್ತಾ ಹೋದ್ವಿ. 1968ರಲ್ಲಿ ಲಟಾನೆ ಮತ್ತು ಡಾರ್ಲಿ ಎಂಬ ಇಬ್ಬರು ಕೊಲಂಬಿಯಾ ವಿಶ್ವವಿದ್ಯಾಲಯದ ವಿದ್ಯಾರ್ಥಿಗಳನ್ನ ಒಂದು ರೂಮಲ್ಲಿ ಕೂರಿಸಿ ಏನೋ ಫಾರ್ಮ್ ತುಂಬೋಕೆ ಕೊಟ್ರು. ಗೋಡೆಯ ಕಿಂಡಿಯಿಂದ ಹೊಗೆ ಬಿಟ್ರು. ಒಬ್ಬೊಬ್ಬರೇ ಇದ್ದಾಗ 75 ಪರ್ಸೆಂಟ್ ಜನ ಎದ್ದು ಹೋಗಿ ಹೇಳಿದ್ರು. ಮೂವರು ಒಟ್ಟಿಗೆ ಕೂತ ಗುಂಪುಗಳಲ್ಲಿ 38 ಪರ್ಸೆಂಟಲ್ಲಿ ಮಾತ್ರ ಯಾರಾದ್ರೂ ಒಬ್ಬರು ಹೇಳಿದ್ರು. ಅವರು ಕೆಟ್ಟವರೇನಲ್ಲ. ಒಬ್ಬ ಇನ್ನೊಬ್ಬನ ಮುಖ ನೋಡ್ತಾನೆ, ಅವನು ಸುಮ್ಮನಿದ್ದಾನೆ, ಹಾಗಾದ್ರೆ ಏನೂ ಇಲ್ಲ. ನಾವೂ ಮೂವರು. ಒಬ್ಬನೇ ಇದ್ದಿದ್ರೆ ಜೋಕ್ ಹೇಳೋಕೆ ಯಾರೂ ಇರ್ತಿರ್ಲಿಲ್ಲ.

ಮಿಲ್‌ಗ್ರಾಮ್ ಲೇಖನದಲ್ಲೂ ಇಂಥದ್ದೇ ಒಂದು ಘಟನೆ ಬರುತ್ತೆ. ಬ್ರೂಕ್ಲಿನ್ನಲ್ಲಿ ಒಬ್ಬ ಹೆಂಗಸು ರಸ್ತೆಯಲ್ಲಿ ಕುಸಿದು ಬೀಳ್ತಾಳೆ. ವರ್ಷಗಳಿಂದ ಅವಳ ಮುಖ ಮಾತ್ರ ನೋಡಿದ್ದ ಅದೇ ಬೀದಿಯವರೊಬ್ಬರು ಆಂಬುಲೆನ್ಸ್ ಕರೆಸಿ ಆಸ್ಪತ್ರೆ ತನಕ ಜೊತೆಗೆ ಹೋಗ್ತಾರೆ. ಮುಖ ಗೊತ್ತಿರೋದಕ್ಕೇ ಒಂದು ಜವಾಬ್ದಾರಿ ಇರುತ್ತೆ ಅಂತ ಅವನ ವಾದ. ನಾವು ಅದನ್ನ ಓದಿದ್ದು ಮಾರ್ಚ್‌ನಲ್ಲಿ.

ಏಪ್ರಿಲಲ್ಲಿ ಆ ಲೈಟ್ ಮತ್ತೆ ಬಂತು. ಎರಡು ದಿನ ಯೋಚನೆ ಮಾಡಿ, ಮೂಸಂಬಿ ತಗೊಂಡು ಹೋದ್ವಿ. ಸೆಕ್ಯೂರಿಟಿ ಅಣ್ಣ ಇಂಟರ್‌ಕಾಮಲ್ಲಿ, "ಅಮ್ಮಾರೇ, ಹಿಂದಿನ ಬಿಲ್ಡಿಂಗಿನ ಹುಡುಗ್ರು ಬಂದಾರ" ಅಂದ್ರು. ಆ ಕಡೆಯಿಂದ ಬಂದ ಮಾತು ನಮಗೂ ಕೇಳಿಸ್ತು: "ಮೂರು ಜನಾನೂ ಬಂದಿದ್ದಾರಾ?"

ನಮ್ಮ ಲೆಕ್ಕದ ಅರ್ಧ ಭಾಗವನ್ನ ನಾವೇ ಮರೆತಿದ್ವಿ. ಒಂಬತ್ತೂವರೆಗೆ ಅವರು ಲೈಟ್ ಆರಿಸ್ತಾರೆ. ಆಮೇಲೆ ಅವರ ಕಡೆ 1, ನಮ್ಮ ಕಡೆ 100. ವಯಸ್ಸಾದವರಿಗೆ ನಿದ್ದೆ ಕಮ್ಮಿ, ನೀರು ಕುಡಿಯೋಕೆ ಅಂತ ಎರಡು ಮೂರು ಸಲ ಅಡುಗೆಮನೆಗೆ ಬರ್ತಾರೆ. ನಮಗೆ ಕರ್ಟನ್ ಇಲ್ಲ. ನಾವು ಗಾಜಲ್ಲಿ ನಮ್ಮ ಮುಖ ನೋಡ್ಕೊಂಡು ಓದ್ತಾ ಇದ್ವಿ.

ವಾಕರ್ ಪಕ್ಕಕ್ಕೆ ಇಟ್ಟು, ಕೂತ್ಕೊಳ್ಳಿ ಅಂದು, ನಮ್ಮನ್ನ ಒಬ್ಬೊಬ್ಬರನ್ನೇ ನೋಡಿದ್ರು. ಹತ್ತಿರದಿಂದ ಬೇರೆ ಥರ ಕಾಣ್ತೀರಪ್ಪ ಅಂದ್ರು. ಆಮೇಲೆ ನಮ್ಮಲ್ಲೊಬ್ಬನಿಗೆ, "ದಸರಾ ಟೈಮಲ್ಲಿ ಒಂದಿನ ರಾತ್ರಿ ಕಿಟಕಿ ಹತ್ರ ಕೂತು ಫೋನಲ್ಲಿ ತುಂಬಾ ಅಳ್ತಿದ್ದೆ. ಈಗ ಎಲ್ಲಾ ಸರಿಹೋಯ್ತಾ? ಯಾರನ್ನಾದ್ರೂ ಕಳಿಸೋಣ ಅಂದ್ಕೊಂಡೆ, ಗೊತ್ತಿಲ್ಲದವರ ಮನೆ ವಿಷಯ, ಹೇಗೆ ಕೇಳೋದು ಅಂತ ಸುಮ್ಮನಾದೆ" ಅಂದ್ರು.

ಅವನು ಹೂಂ ಅಂದ. ಮಿಕ್ಕ ಇಬ್ಬರಿಗೆ ಅವನು ಅತ್ತಿದ್ದೇ ಗೊತ್ತಿರಲಿಲ್ಲ. ಅವತ್ತು ನಾವು ಪಕ್ಕದ ರೂಮಲ್ಲಿ ಹೆಡ್‌ಫೋನ್ ಹಾಕ್ಕೊಂಡು ಕೂತಿದ್ವಿ.

ವಾಪಸ್ ಬರುವಾಗ ಬೇಕರಿಯಲ್ಲಿ ನಿಂತು ಟೀ ಕುಡಿದ್ವಿ. ಅಲ್ಲಿ ಅವನು ದಸರಾ ಹೊತ್ತಿನ ವಿಷಯ ಹೇಳಿದ, ಅದು ಅವನ ಮನೆಯದು, ಇಲ್ಲಿ ಬೇಡ. ಅತ್ತಿದ್ದನ್ನ ಬರೀಬಹುದು ಅಂದ. ಅಜ್ಜಿ ಹೆಸರು ಈಗ ಗೊತ್ತು, ಬರೀಬೇಡ್ರಪ್ಪ ಅಂದಿದ್ದಾರೆ. ನಮ್ಮ ಮೂರು ನಂಬರೂ ಅವರ ಫ್ರಿಜ್ ಮೇಲೆ ಅಂಟಿಸಿದೆ, ಅವರ ನಂಬರ್ ನಮ್ಮ ಹತ್ರ ಇದೆ. ಕರ್ಟನ್ ತಂದಿದ್ದೀವಿ, ರಾಡ್ ಹಾಕೋಕೆ ಓನರ್ ಇನ್ನೂ ಒಪ್ಪಿಲ್ಲ. ಪಾರ್ಸೆಲ್ ಅಣ್ಣನ ಹೆಸರು ಇವತ್ತಿಗೂ ಗೊತ್ತಿಲ್ಲ.